ಮೊದಲು ಹುಟ್ಟಿದ್ದು ನಂಜು

ಬೆಂಗಳೂರಿಗೆ ಕಡಲಿಲ್ಲ. ಸಮುದ್ರ ಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿರುವ ಈ ಊರಿನವರು ಅಲೆ ನೋಡಬೇಕೆಂದರೆ ಮಂಗಳೂರಿಗೋ ಚೆನ್ನೈಗೋ ಹೋಗಬೇಕು. ಹಾಗಿದ್ದೂ ಊರಿನ ಉತ್ತರ ಭಾಗದ ದಿನನಿತ್ಯದಲ್ಲಿ ಒಂದು ಕಡಲು ಬೆರೆತುಹೋಗಿದೆ. ಹೆಬ್ಬಾಳದ ಮೇಲ್ಸೇತುವೆ ಇಳಿದು ಯಲಹಂಕದ ಕಡೆಗೆ ಹೊರಟರೆ ಬಲಕ್ಕೆ ಅಮೃತಹಳ್ಳಿ. ಬೆಳಗಿನ ಜಾವ ಆರ್.ಟಿ. ನಗರದ ಮನೆಬಾಗಿಲಿಗೂ ಯಶವಂತಪುರದ ಹೋಟೆಲುಗಳ ಒಲೆಗೂ ಬರುವ ಹಾಲಿನ ಪ್ಯಾಕೆಟ್ಟಿನ ಮೇಲೆ ನಂದಿನಿ. ಆಕೆ ಕಾಮಧೇನುವಿನ ಮಗಳು. ಅಮೃತವೂ ಕಾಮಧೇನುವೂ ಮೇಲೆದ್ದದ್ದು ಒಂದೇ ಕಡಲಿನಿಂದ. ಯಾವ ನಕ್ಷೆಯಲ್ಲೂ ಇಲ್ಲದ, ಯಾವ ಹಡಗೂ ಮುಟ್ಟದ ಆ ಕಡಲು ಹಳಗನ್ನಡ ಕಾವ್ಯದಲ್ಲಿ ಪಾಲ್ಗಡಲು, ಪುರಾಣದಲ್ಲಿ ಕ್ಷೀರಸಾಗರ.

ಆ ಕಡಲನ್ನು ಕಡೆದ ಕಥೆ ಗೊತ್ತಿಲ್ಲದ ಕನ್ನಡಿಗರು ಕಡಿಮೆ. ಅಜ್ಜಿಯರು ಹೇಳಿದ್ದಾರೆ, ಯಕ್ಷಗಾನದವರು ಆಡಿದ್ದಾರೆ, ಟಿ.ವಿ. ಧಾರಾವಾಹಿಗಳು ಮತ್ತೆ ಮತ್ತೆ ತೋರಿಸಿವೆ. ಎಲ್ಲರೂ ಅದನ್ನು ಅಮೃತದ ಕಥೆ ಎಂದೇ ನೆನಪಿಟ್ಟುಕೊಂಡಿದ್ದಾರೆ. ಆದರೆ ಅಮೃತ ಬರುವುದು ಕಥೆಯ ಕೊನೆಗೆ. ಮೊದಲು ಬರುವುದು ಹಾಲಾಹಲ. ಅದನ್ನು ಏನು ಮಾಡಬೇಕು, ಯಾರು ಹೊರಬೇಕು ಎಂಬುದು ತೀರ್ಮಾನವಾಗುವ ತನಕ ಕಡಗೋಲು ಮುಂದಕ್ಕೆ ತಿರುಗುವುದಿಲ್ಲ. ಹಾಲು, ಔಷಧ, ಕೆರೆಗಳ ಸೀಮೆಯಾದ ಉತ್ತರ ಬೆಂಗಳೂರಿನಲ್ಲಿ ನಿಂತು ಓದಿದರೆ ಈ ಹಳೆಯ ಕಥೆ ತೀರ ಇತ್ತೀಚಿನದೆನಿಸುತ್ತದೆ.

ಏಳು ಕಡಲು, ಒಂದು ಕಡಗೋಲು

ಪುರಾಣದ ಭೂಗೋಳದಲ್ಲಿ ಏಳು ದ್ವೀಪಗಳು, ಅವುಗಳನ್ನು ಒಂದರ ಹೊರಗೊಂದು ಬಳಸಿದ ಏಳು ಕಡಲುಗಳು. ಉಪ್ಪುನೀರು, ಕಬ್ಬಿನ ಹಾಲು, ಹೆಂಡ, ತುಪ್ಪ, ಮೊಸರು, ಹಾಲು, ಸಿಹಿನೀರು. ಹಾಲಿನ ಕಡಲು ಎಲ್ಲಿದೆ ಎಂಬುದರಲ್ಲಿ ಪುರಾಣಗಳಿಗೇ ಒಮ್ಮತವಿಲ್ಲ. ವಿಷ್ಣುಪುರಾಣ ಅದನ್ನು ಶಾಕದ್ವೀಪದ ಸುತ್ತ ಇಟ್ಟರೆ, ಭಾಗವತ ಕ್ರೌಂಚದ್ವೀಪದ ಸುತ್ತ ಇಡುತ್ತದೆ. ಏಳರಲ್ಲಿ ಮೂರು ಕಡಲುಗಳು ಕೊಟ್ಟಿಗೆಯಿಂದ ಬಂದವು. ದನ ಕಟ್ಟಿದವರು, ನಸುಕಿನಲ್ಲೆದ್ದು ಮೊಸರು ಕಡೆದವರು ಕಲ್ಪಿಸಿಕೊಂಡ ಜಗತ್ತು ಇದು. ಅದಕ್ಕೇ ಅವರ ದೇವತೆಗಳು ಕಡಲಿಗೆ ಬಲೆ ಬೀಸಲಿಲ್ಲ, ಮುಳುಗು ಹಾಕಲಿಲ್ಲ. ಮಂದರ ಪರ್ವತವನ್ನು ಕಡಗೋಲು ಮಾಡಿಕೊಂಡು, ವಾಸುಕಿಯನ್ನು ಹಗ್ಗ ಮಾಡಿಕೊಂಡು ಕಡೆದರು.

ಕೆಲಸ ಶುರುವಾಗುವುದೇ ಒಂದು ಅವಮಾನದಿಂದ. ವಿಷ್ಣುಪುರಾಣದ ಪ್ರಕಾರ ದೂರ್ವಾಸ ಮುನಿ ಕೊಟ್ಟ ಹೂಮಾಲೆಯನ್ನು ಇಂದ್ರ ತನ್ನ ಐರಾವತದ ತಲೆಗೆ ಹಾಕಿದ. ಆನೆ ಅದನ್ನು ಸೊಂಡಿಲಿನಿಂದ ಎಳೆದು ನೆಲಕ್ಕೆಸೆಯಿತು. ಮುನಿ ಶಪಿಸಿದರು, ಸ್ವರ್ಗದ ಸಿರಿ ಬತ್ತಿಹೋಯಿತು. ಅದೇ ಐರಾವತ ಆಮೇಲೆ ಕಡಲಿನಿಂದ ಹುಟ್ಟಿ ಬರುತ್ತದಲ್ಲ ಎಂಬ ತಕರಾರನ್ನು ಕಥೆ ಕಿವಿಗೆ ಹಾಕಿಕೊಳ್ಳುವುದಿಲ್ಲ.

ಸಿರಿ ಮರಳಬೇಕಾದರೆ ಅಮೃತ ಬೇಕು. ದೇವತೆಗಳಿಂದಷ್ಟೇ ಆಗುವ ಕೆಲಸವಲ್ಲ. ಭಾಗವತದ ಎಂಟನೆಯ ಸ್ಕಂಧದಲ್ಲಿ ವಿಷ್ಣು ಕೊಡುವ ಸಲಹೆ ಪಕ್ಕಾ ರಾಜಕಾರಣದ್ದು: ಒಂದೇ ಬುಟ್ಟಿಯಲ್ಲಿ ಸಿಕ್ಕಿಕೊಂಡ ಹಾವು ಇಲಿಯೊಡನೆ ಸ್ನೇಹ ಬೆಳೆಸಿದಂತೆ ಅಸುರರೊಡನೆ ಸಂಧಿ ಮಾಡಿಕೊಳ್ಳಿ. ಜೊತೆಗೆ ಇನ್ನೊಂದು ಮಾತು ಹೇಳುತ್ತಾನೆ. ಕಡಲಿನಿಂದ ಕಾಲಕೂಟ ಏಳುತ್ತದೆ, ಹೆದರಬೇಡಿ. ಬರುವ ವಸ್ತುಗಳ ಮೇಲೆ ಆಸೆ ಬೇಡ, ಸಿಗದಿದ್ದರೆ ಸಿಟ್ಟು ಬೇಡ. ವಿಷ ಏಳುತ್ತದೆಂದು ಮೊದಲೇ ಗೊತ್ತಿತ್ತು ಎಂಬುದನ್ನು ಇಲ್ಲಿ ಗಮನಿಸಬೇಕು.

ಬಲಿ ಚಕ್ರವರ್ತಿ ಒಪ್ಪಿದ. ಪರ್ವತ ಹೊತ್ತು ತರುವಾಗಲೇ ಅದು ಕೈಜಾರಿ ಎರಡೂ ಕಡೆಯ ಎಷ್ಟೋ ಜನ ಅಡಿಯಲ್ಲಿ ಸಿಕ್ಕಿ ನಜ್ಜುಗುಜ್ಜಾದರು. ಬಾಲ ಹಿಡಿಯುವುದು ತಮ್ಮ ಘನತೆಗೆ ಕಡಿಮೆಯೆಂದು ಅಸುರರು ಹಟ ಹಿಡಿದು ವಾಸುಕಿಯ ತಲೆಯ ಕಡೆ ನಿಂತರು. ಅದರ ಬೆಂಕಿಯುಸಿರಿಗೆ ಬೆಂದುಹೋದರು. ಮುಳುಗುತ್ತಿದ್ದ ಬೆಟ್ಟವನ್ನು ವಿಷ್ಣು ಆಮೆಯಾಗಿ ಬೆನ್ನಿನ ಮೇಲೆ ಹೊತ್ತ. ಇಷ್ಟೆಲ್ಲ ಆದ ಮೇಲೆ ಮೇಲೆ ಬಂದ ಮೊದಲ ಉತ್ಪನ್ನ ಹಾಲಾಹಲ.

ಮಹಾಭಾರತದ ಆದಿಪರ್ವದ ಕಥೆ ತುಸು ಬೇರೆ. ಅಲ್ಲಿ ಕಡೆಯುವುದು ಉಪ್ಪುನೀರಿನ ಕಡಲನ್ನೇ. ಮಂದರ ಗಿರ್ರನೆ ತಿರುಗುವಾಗ ಅದರ ಮೇಲಿನ ಮರಗಳು ಒಂದಕ್ಕೊಂದು ಉಜ್ಜಿ ಬೆಂಕಿ ಹೊತ್ತುತ್ತದೆ. ಇಂದ್ರ ಮಳೆ ಸುರಿಸಿ ಆರಿಸುತ್ತಾನೆ. ಮರಗಳ ಅಂಟು, ಮೂಲಿಕೆಗಳ ರಸ, ಕರಗಿದ ಚಿನ್ನ ಎಲ್ಲ ಸೇರಿ ಕಡಲಿಗೆ ಹರಿಯುತ್ತದೆ. ಆ ರಸ ಬೆರೆತು ಉಪ್ಪುನೀರು ಹಾಲಾಗುತ್ತದೆ, ಹಾಲಿನಿಂದ ತುಪ್ಪ ಬರುತ್ತದೆ. ಈ ಪಾಠದಲ್ಲಿ ಅಮೃತದ ಕಚ್ಚಾವಸ್ತು ಕಾಡಿನದು. ಕಡಲು ಅದನ್ನು ಬೇಯಿಸಿದ ಪಾತ್ರೆ ಮಾತ್ರ.

ಇಂದ್ರನಿಗಿಲ್ಲದ ಗುಡಿ ನಂಜುಂಡನಿಗೆ

ಹಾಲಾಹಲ ದಿಕ್ಕುದಿಕ್ಕಿಗೆ ಹರಡಿದಾಗ ಎಲ್ಲರೂ ಓಡಿದ್ದು ಶಿವನ ಬಳಿಗೆ. ಅಮೃತಕ್ಕಾಗಿ ನಡೆದ ಒಪ್ಪಂದದಲ್ಲಿ ಅವನ ಹೆಸರಿರಲಿಲ್ಲ, ಅವನಿಗೆ ಪಾಲೂ ಇರಲಿಲ್ಲ. ಭಾಗವತದ ಶಿವ ಪಾರ್ವತಿಗೆ ಪರಿಸ್ಥಿತಿ ವಿವರಿಸುತ್ತಾನೆ. ಗಂಡನ ಶಕ್ತಿ ಬಲ್ಲ ಆಕೆ ಒಪ್ಪುತ್ತಾಳೆ. ವಿಷವನ್ನು ಅಂಗೈಗೆ ತೆಗೆದುಕೊಂಡು ಕುಡಿಯುತ್ತಾನೆ, ಕೊರಳು ನೀಲಿಯಾಗುತ್ತದೆ. ನಮ್ಮ ಮನೆಗಳಲ್ಲಿ ಹೇಳುವ ಕಥೆಯಲ್ಲಿ ಪಾರ್ವತಿ ಗಂಟಲು ಹಿಡಿದು ವಿಷವನ್ನು ಅಲ್ಲೇ ನಿಲ್ಲಿಸುತ್ತಾಳೆ. ಅವನಿಗೆ ನಿದ್ದೆ ಬರಬಾರದೆಂದು ದೇವತೆಗಳು ಇಡೀ ರಾತ್ರಿ ಹಾಡಿ ಕುಣಿದದ್ದೇ ಶಿವರಾತ್ರಿಯ ಜಾಗರಣೆ.

ಕನ್ನಡ ನಾಡು ಈ ಕಥೆಯಲ್ಲಿ ಯಾರ ಪಕ್ಷ ವಹಿಸಿತು ಎಂಬುದಕ್ಕೆ ಪುರಾವೆ ಬೇಕಿದ್ದರೆ ಮೈಸೂರು ಜಿಲ್ಲೆಯ ನಂಜನಗೂಡಿಗೆ ಹೋಗಬೇಕು. ಕಪಿಲಾ ನದಿಯ ದಂಡೆಯ ಶ್ರೀಕಂಠೇಶ್ವರ ಅಲ್ಲಿ ರೋಗ ಕಳೆಯುವ ದೇವರು. ಟಿಪ್ಪು ಸುಲ್ತಾನನ ಆನೆಯ ಕಣ್ಣುಬೇನೆ ಇಲ್ಲಿ ವಾಸಿಯಾಯಿತೆಂದೂ, ಆತ ದೇವರನ್ನು ಹಕೀಮ ನಂಜುಂಡ ಎಂದು ಕರೆದು ಪಚ್ಚೆಯ ಲಿಂಗ ಒಪ್ಪಿಸಿದನೆಂದೂ ಪ್ರತೀತಿ. ವಿಷ ಕುಡಿದವನೇ ವೈದ್ಯ ಎಂಬ ನಂಬಿಕೆ ಧರ್ಮದ ಗಡಿಯನ್ನೂ ದಾಟಿತ್ತು. ಹಳೇ ಮೈಸೂರಿನ ಮನೆಗಳಲ್ಲಿ ನಂಜುಂಡಪ್ಪ, ನಂಜೇಗೌಡ, ನಂಜಮ್ಮ ಎಂದು ಮಕ್ಕಳಿಗೆ ಹೆಸರಿಟ್ಟರು. ಅಮೃತ ಕುಡಿದ ಇಂದ್ರನಿಗೆ ಊರೂರಲ್ಲಿ ಗುಡಿ ಕಟ್ಟಿದವರಿಲ್ಲ.

ಹೆಬ್ಬಾಳಕ್ಕೂ ನಂಜಿನ ಹೆಸರಿನ ನಂಟಿದೆ. 1899ರಲ್ಲಿ ಮೈಸೂರಿನ ರಾಜಪ್ರತಿನಿಧಿಯಾಗಿದ್ದ ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣಿವಿಲಾಸ ಸನ್ನಿಧಾನ ಹೆಬ್ಬಾಳದಲ್ಲಿ 30 ಎಕರೆ ಜಮೀನನ್ನು ಪ್ರಾಯೋಗಿಕ ಕೃಷಿ ಕ್ಷೇತ್ರಕ್ಕೆ ಕೊಟ್ಟರು. ಇವತ್ತಿನ ಕೃಷಿ ವಿಶ್ವವಿದ್ಯಾಲಯದ ಬೇರು ಅಲ್ಲಿದೆ. ಪಶುವೈದ್ಯ ಕಾಲೇಜು, ಹೈನು ವಿಜ್ಞಾನ ಕಾಲೇಜು, ಲಸಿಕೆ ತಯಾರಿಸುವ ಸಂಸ್ಥೆಗಳು ಹೆಬ್ಬಾಳದ ಸುತ್ತ ಒಂದೊಂದಾಗಿ ಬಂದು ನಿಂತವು.

ಶಿಲ್ಪಿಗಳಿಗೂ ಮಥನದ ಕಥೆ ಪ್ರಿಯವಾಗಿತ್ತು. ಬಾದಾಮಿಯ ಎರಡನೆಯ ಗುಹೆಯಲ್ಲಿ ಚಾಲುಕ್ಯರ ಶಿಲ್ಪಿಗಳು ಸಮುದ್ರ ಮಥನವನ್ನು ಕೊರೆದಿದ್ದಾರೆ. ಕಾಂಬೋಡಿಯಾದ ಅಂಕೋರ್ ವಾಟ್‌ನಲ್ಲಿ 12ನೇ ಶತಮಾನದ ಮಥನದ ಉಬ್ಬುಶಿಲ್ಪ ಸುಮಾರು 49 ಮೀಟರ್ ಉದ್ದಕ್ಕೆ ಹಬ್ಬಿದೆ. ಬ್ಯಾಂಕಾಕಿನ ಸುವರ್ಣಭೂಮಿ ವಿಮಾನ ನಿಲ್ದಾಣದಲ್ಲಿ ಪ್ರಯಾಣಿಕರು ಫೋಟೊ ತೆಗೆಸಿಕೊಳ್ಳುವುದೂ ಮಥನದ ಬಣ್ಣದ ಪ್ರತಿಮೆಗಳ ಮುಂದೆಯೇ. ಎರಡು ಕಡೆಯವರು ಒಂದೇ ಹಗ್ಗ ಎಳೆಯುವ ದೃಶ್ಯ ಕಣ್ಣಿಗೆ ಚೆಂದ. ವಿಷ ಕುಡಿಯುವುದು ಒಬ್ಬನೇ ಮಾಡುವ ಕೆಲಸವಾದ್ದರಿಂದ ಉದ್ದನೆಯ ಗೋಡೆಗೆ ಅದು ಒದಗಲಿಲ್ಲವೇನೋ.

ಅಂಗೈಯಿಂದ ಸೋರಿದ ಹನಿಗಳು

ಶಿವ ವಿಷ ಕುಡಿಯುವಾಗ ಅಂಗೈಯಿಂದ ಒಂದಿಷ್ಟು ಸೋರಿತು. ಅದನ್ನು ಹಾವು, ಚೇಳುಗಳೂ ವಿಷದ ಗಿಡಗಳೂ ಹಂಚಿಕೊಂಡವು ಎನ್ನುತ್ತದೆ ಭಾಗವತ. ವಿಷ ಪೂರ್ತಿ ಇಲ್ಲವಾಗಲಿಲ್ಲ, ಸಣ್ಣ ಪ್ರಮಾಣಗಳಲ್ಲಿ ಲೋಕದಲ್ಲಿ ಉಳಿಯಿತು. ಸೋರಿದ ಆ ಹನಿಗಳನ್ನು ಹಿಡಿದು ಔಷಧ ಮಾಡುವ ಕೆಲಸ ಉತ್ತರ ಬೆಂಗಳೂರಿನಲ್ಲಿ ಒಂದು ಶತಮಾನದಿಂದ ನಡೆದಿದೆ.

1925ರಲ್ಲಿ ಮೈಸೂರು ಸೀರಂ ಇನ್‌ಸ್ಟಿಟ್ಯೂಟ್ ಆರಂಭವಾಯಿತು. ಆಗ ರೈತರನ್ನು ನಡುಗಿಸುತ್ತಿದ್ದದ್ದು ದನಗಳ ದೊಡ್ಡರೋಗ. ಊರಿಗೆ ಹೊಕ್ಕರೆ ಕೊಟ್ಟಿಗೆಗಳು ಖಾಲಿಯಾಗುತ್ತಿದ್ದವು. ರೋಗವನ್ನು ಎದುರಿಸಿ ಬದುಕಿದ ಪ್ರಾಣಿಯ ರಕ್ತದ ಸೀರಂನಲ್ಲಿ ಇನ್ನೊಂದು ಪ್ರಾಣಿಯನ್ನು ಕಾಯುವ ಶಕ್ತಿ ಇರುತ್ತದೆ ಎಂಬ ತಿಳಿವಳಿಕೆಯ ಮೇಲೆ ಅಂದಿನ ಚಿಕಿತ್ಸೆ ನಿಂತಿತ್ತು. ಲಸಿಕೆಗಳು ಆಮೇಲೆ ಬಂದವು. 2011ರಲ್ಲಿ ಈ ರೋಗ ಇಡೀ ಜಗತ್ತಿನಿಂದ ನಿರ್ಮೂಲವಾಯಿತೆಂದು ಘೋಷಣೆಯಾಯಿತು. ಸಿಡುಬಿನ ನಂತರ ಮನುಷ್ಯ ಭೂಮಿಯಿಂದ ಅಳಿಸಿಹಾಕಿದ ಎರಡನೆಯ ರೋಗ ಅದು. ಆ ಹಳೆಯ ಸೀರಂ ಸಂಸ್ಥೆ ಈಗ ಹೆಬ್ಬಾಳದಲ್ಲಿ ಪಶು ಆರೋಗ್ಯ ಮತ್ತು ಪಶುವೈದ್ಯಕೀಯ ಜೈವಿಕ ಸಂಸ್ಥೆಯೆಂಬ ಹೆಸರಿನಲ್ಲಿ ಕುರಿ, ದನ, ಕೋಳಿಗಳಿಗೆ ಲಸಿಕೆ ತಯಾರಿಸುತ್ತದೆ.

ಯಶವಂತಪುರದ ಪಕ್ಕದ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಹಾವಿನ ವಿಷವನ್ನೇ ಅಭ್ಯಾಸ ಮಾಡುವ ಪ್ರಯೋಗಾಲಯವಿದೆ. ಇವತ್ತಿಗೂ ಹಾವಿನ ಕಡಿತಕ್ಕೆ ಇರುವ ಮದ್ದು ತಯಾರಾಗುವುದು ಕುದುರೆಯ ದೇಹದಲ್ಲಿ. ಕುದುರೆಗೆ ವಿಷವನ್ನು ಚೂರುಚೂರೇ ಚುಚ್ಚುತ್ತಾರೆ, ಅದರ ರಕ್ತದಲ್ಲಿ ಹುಟ್ಟುವ ಪ್ರತಿಕಾಯಗಳನ್ನು ಬೇರ್ಪಡಿಸಿ ಶೀಷೆಗೆ ತುಂಬುತ್ತಾರೆ. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ ಎಂಬ ನಾಲ್ಕು ಹಾವುಗಳ ವಿಷ ಸೇರಿಸಿ ಮಾಡುವ ಈ ಮದ್ದು ಎಲ್ಲ ಪ್ರದೇಶದ ಹಾವುಗಳಿಗೂ ಒಂದೇ ಸಮ ನಾಟುವುದಿಲ್ಲ. ಒಂದೇ ಜಾತಿಯ ಹಾವಿನ ವಿಷವೂ ಸೀಮೆಯಿಂದ ಸೀಮೆಗೆ ಬದಲಾಗುತ್ತದೆಂದು ಆ ಪ್ರಯೋಗಾಲಯದ ಕಾರ್ತಿಕ್ ಸುನಗರ್ ಅವರ ತಂಡ ತೋರಿಸಿದೆ. 2024ರಲ್ಲಿ ಇದೇ ತಂಡ ಅಮೆರಿಕದ ಸ್ಕ್ರಿಪ್ಸ್ ಸಂಸ್ಥೆಯ ವಿಜ್ಞಾನಿಗಳೊಡನೆ ಸೇರಿ, ನಾಗರಹಾವಿನ ಬಳಗದ ಹಾವುಗಳಲ್ಲಿರುವ ಒಂದು ಮುಖ್ಯ ನರವಿಷವನ್ನು ತಡೆಯುವ ಕೃತಕ ಪ್ರತಿಕಾಯವನ್ನು ಪ್ರಕಟಿಸಿತು. ಕುದುರೆಯ ನೆರವಿಲ್ಲದೆ ಪ್ರಯೋಗಾಲಯದಲ್ಲೇ ರೂಪುಗೊಂಡದ್ದು ಅದು.

ಇದು ಎಷ್ಟು ಜನರಿಗೆ ಬೇಕಾದ ಕೆಲಸ ಎಂಬುದನ್ನು ಅಂಕಿ ಹೇಳುತ್ತದೆ. 2000ದಿಂದ 2019ರವರೆಗಿನ ಇಪ್ಪತ್ತು ವರ್ಷಗಳಲ್ಲಿ ಭಾರತದಲ್ಲಿ ಹಾವು ಕಡಿದು ಸತ್ತವರು ಸುಮಾರು 12 ಲಕ್ಷ ಎಂದು ಅಂದಾಜು. ವರ್ಷಕ್ಕೆ ಸರಾಸರಿ 58 ಸಾವಿರ. ಹೆಚ್ಚಿನವರು ಹಳ್ಳಿಗರು, ಹೊಲದಲ್ಲಿ ದುಡಿಯುವವರು. 2024ರಲ್ಲಿ ಕರ್ನಾಟಕ ಸರ್ಕಾರ ಹಾವಿನ ಕಡಿತದ ಪ್ರಕರಣಗಳನ್ನು ಆಸ್ಪತ್ರೆಗಳು ಕಡ್ಡಾಯವಾಗಿ ವರದಿ ಮಾಡಬೇಕೆಂದು ಆದೇಶಿಸಿತು.

ನಿಜವಾದ ಕಡಲಿನ ವಿಷವೂ ಇಲ್ಲಿಗೆ ಬಂದಿದೆ. ಬಳ್ಳಾರಿ ರಸ್ತೆಯಲ್ಲಿ ಕೃಷಿ ವಿಶ್ವವಿದ್ಯಾಲಯದ ಜಿಕೆವಿಕೆ ಆವರಣದಲ್ಲಿ ರಾಷ್ಟ್ರೀಯ ಜೀವವಿಜ್ಞಾನ ಕೇಂದ್ರ, ಅಂದರೆ ಎನ್‌ಸಿಬಿಎಸ್ ಇದೆ. ಅಲ್ಲಿದ್ದ ಕೆ.ಎಸ್. ಕೃಷ್ಣನ್ ಮತ್ತು ವಿಜ್ಞಾನ ಸಂಸ್ಥೆಯ ಪಿ. ಬಲರಾಮ್ ಭಾರತದ ಕರಾವಳಿಯ ಒಂದು ಬಗೆಯ ಸಮುದ್ರ ಬಸವನಹುಳುವಿನ ವಿಷವನ್ನು ಅಭ್ಯಾಸ ಮಾಡಿದರು. ಶಂಕುವಿನಾಕಾರದ ಚೆಲುವಾದ ಚಿಪ್ಪಿನೊಳಗೆ ಕುಳಿತ ಈ ಹುಳು ಈಟಿಯಂಥ ಹಲ್ಲು ಬೀಸಿ ಬೇಟೆಯನ್ನು ಸ್ತಬ್ಧಗೊಳಿಸಿ ನುಂಗುತ್ತದೆ. ಇದೇ ಕುಟುಂಬದ ಹುಳುವಿನ ವಿಷದಲ್ಲಿ ಫಿಲಿಪ್ಪೀನ್ಸ್ ಮೂಲದ ಬಾಲ್ಡೊಮೆರೊ ಒಲಿವೆರಾ ಅವರ ಅಮೆರಿಕದ ತಂಡ ಗುರುತಿಸಿದ ಅಂಶದಿಂದ ಝಿಕೊನೊಟೈಡ್ ಎಂಬ ನೋವು ನಿವಾರಕ ಹುಟ್ಟಿತು. 2004ರಲ್ಲಿ ಅಮೆರಿಕ ಅದಕ್ಕೆ ಮಾನ್ಯತೆ ಕೊಟ್ಟಿತು. ಬೇರೆ ಮದ್ದಿಗೆ ಬಗ್ಗದ ತೀವ್ರ ನೋವಿರುವವರಿಗೆ ಬೆನ್ನುಹುರಿಯ ದ್ರವದೊಳಕ್ಕೆ ಅದನ್ನು ಕೊಡುತ್ತಾರೆ. ಕಡಲಿನಿಂದ ಬಂದ ವಿಷ ಔಷಧವಾದದ್ದು ಪುರಾಣದಲ್ಲಿ ಮಾತ್ರವಲ್ಲ.

ಕಾಡಿನ ರಸದ ಕಥೆಗೂ ಇಲ್ಲೊಂದು ಜಾಗವಿದೆ. ಯಲಹಂಕದ ಆಚೆ, ಅಟ್ಟೂರಿನ ಬಳಿಯ ಜಾರಕಬಂಡೆ ಕಾವಲಿನಲ್ಲಿರುವ, 1993ರಲ್ಲಿ ಆರಂಭವಾದ ಎಫ್‌ಆರ್‌ಎಲ್‌ಎಚ್‌ಟಿ ಎಂಬ ಸಂಸ್ಥೆ ದೇಶದ ಔಷಧೀಯ ಸಸ್ಯಗಳನ್ನು ಗುರುತಿಸಿ, ಒಣಮಾದರಿ ಇಟ್ಟು, ತೋಟ ಮಾಡಿ ಬೆಳೆಸುತ್ತ ಬಂದಿದೆ. ಈ ಗಿಡಗಳ ಲೋಕದಲ್ಲಿ ಮದ್ದು ಮತ್ತು ನಂಜಿನ ನಡುವಿನ ಗೆರೆ ತೆಳ್ಳಗಿನದು. ಗುಲಗಂಜಿ, ಕಾಸರಕ, ಉಮ್ಮತ್ತಿಗಳನ್ನು ಆಯುರ್ವೇದ ಉಪವಿಷಗಳ ಪಟ್ಟಿಯಲ್ಲಿಟ್ಟಿದೆ. ಅವುಗಳನ್ನು ಹಾಗೇ ಬಳಸುವಂತಿಲ್ಲ, ಶೋಧನೆ ಮಾಡಬೇಕು. ಗುಲಗಂಜಿ ಬೀಜವನ್ನು ಬಟ್ಟೆಯಲ್ಲಿ ಗಂಟುಕಟ್ಟಿ, ಹಸುವಿನ ಹಾಲಿನಲ್ಲಿ ತೂಗುಬಿಟ್ಟು ಬೇಯಿಸುವುದು ಒಂದು ಕ್ರಮ. ನಂಜಿನ ಸೊಕ್ಕು ಹಾಲಿನಲ್ಲಿ ಇಳಿಯುತ್ತದೆ. ಆ ಹಾಲನ್ನು ಆಮೇಲೆ ಯಾರೂ ಕುಡಿಯುವುದಿಲ್ಲ, ಚೆಲ್ಲುತ್ತಾರೆ.

ಅಮೃತವೆಂದು ಹೆಸರಿಟ್ಟುಕೊಂಡದ್ದಕ್ಕೂ ಅಳತೆ ಬೇಕು. 2020ರ ಕೋವಿಡ್ ಕಾಲದಲ್ಲಿ ಬೇಲಿಯ ಮೇಲಿನ ಅಮೃತಬಳ್ಳಿಗೆ ಎಲ್ಲಿಲ್ಲದ ಬೇಡಿಕೆ ಬಂತು. ಕಷಾಯ ಕುದಿಸದ ಮನೆ ಇರಲಿಲ್ಲ. ಆ ವರ್ಷ ಅಮೃತಬಳ್ಳಿ ಸೇವಿಸಿದ ಆರು ರೋಗಿಗಳಲ್ಲಿ ಯಕೃತ್ತಿಗೆ ತೊಂದರೆ ಕಾಣಿಸಿಕೊಂಡದ್ದನ್ನು ಮುಂಬೈನ ವೈದ್ಯರು 2021ರಲ್ಲಿ ವರದಿ ಮಾಡಿದರು. ಅವರು ಸೇವಿಸಿದ್ದು ಅದೇ ಬಳ್ಳಿ ಎಂಬುದು ಖಚಿತವಾಗಿಲ್ಲವೆಂದು ಆಯುಷ್ ಸಚಿವಾಲಯ ಆಕ್ಷೇಪಿಸಿತು. ವಾದ ಏನೇ ಇರಲಿ, ಅತಿಯಾದರೆ ಅಮೃತವೂ ವಿಷ ಎಂದು ನಮ್ಮ ಗಾದೆ ಎಚ್ಚರಿಸಿದ್ದಂತೂ ನಿಜ.

ಹಾಲು ಬರುವ ದಾರಿ

ಉತ್ತರ ಬೆಂಗಳೂರಿನ ನಿಜವಾದ ಪಾಲ್ಗಡಲು ಹಳ್ಳಿಗಳ ಡೇರಿಗಳಲ್ಲಿದೆ. 1974ರಲ್ಲಿ ವಿಶ್ವಬ್ಯಾಂಕಿನ ನೆರವಿನೊಡನೆ ಕರ್ನಾಟಕ ಹೈನು ಅಭಿವೃದ್ಧಿ ನಿಗಮ ಆರಂಭವಾಯಿತು. ಗುಜರಾತಿನ ಆಣಂದ್ ಮಾದರಿಯಲ್ಲಿ ಹಳ್ಳಿಗೊಂದು ಹಾಲು ಉತ್ಪಾದಕರ ಸಂಘ, ಜಿಲ್ಲೆಗೊಂದು ಒಕ್ಕೂಟ ಕಟ್ಟುವ ಕೆಲಸ ನಡೆಯಿತು. 1984ರಲ್ಲಿ ಕರ್ನಾಟಕ ಹಾಲು ಮಹಾಮಂಡಳಿ ಬಂತು. 2024ರ ಜೂನ್ ತಿಂಗಳಲ್ಲಿ ಅದರ ದಿನದ ಹಾಲು ಸಂಗ್ರಹ ಒಂದು ಕೋಟಿ ಲೀಟರ್ ದಾಟಿತು.

ಈ ಕಡಲಿನಲ್ಲಿ ದೇವರೂ ಇಲ್ಲ, ಅಸುರರೂ ಇಲ್ಲ. ಎರಡು ಹಸು ಕಟ್ಟಿದ ಹೆಂಗಸರಿದ್ದಾರೆ. ಬೆಳಗ್ಗೆ, ಸಂಜೆ ಕ್ಯಾನು ಹಿಡಿದು ಡೇರಿಯ ಮುಂದೆ ಸಾಲು ನಿಲ್ಲುತ್ತಾರೆ. ಡೇರಿಯವರು ಜಿಡ್ಡಿನ ಅಂಶ ಅಳೆದು ಲೆಕ್ಕ ಬರೆಯುತ್ತಾರೆ. ಪಾಲು ಹಂಚುವಲ್ಲಿ, ಅಮೃತ ಬಡಿಸಿದ ಮೋಹಿನಿಯಂಥವರ ಮಾಯೆಗೆ ಜಾಗವಿರಬಾರದೆಂದೇ ಸಹಕಾರ ಸಂಘದ ನಿಯಮಗಳಿವೆ: ಹಾಕಿದ ಹಾಲಿಗೆ ತಕ್ಕ ಹಣ, ಒಬ್ಬರಿಗೆ ಒಂದು ಮತ. ಕಥೆಯಲ್ಲಿ ಅರ್ಧ ಹಗ್ಗ ಎಳೆದ ಅಸುರರಿಗೆ ಅಮೃತದ ಹನಿಯೂ ಸಿಗಲಿಲ್ಲ. ಸಾಲಿನಲ್ಲಿ ನುಸುಳಿ ಕುಡಿದ ರಾಹು ತಲೆ ಕಳೆದುಕೊಂಡ. ಆ ಅನ್ಯಾಯವನ್ನು ಸಹಕಾರಿ ಚಳವಳಿ ತನ್ನ ಮಟ್ಟಿಗೆ ಸರಿಪಡಿಸಿದೆ ಎನ್ನಬಹುದು.

ಕೋಲಾರ, ಚಿಕ್ಕಬಳ್ಳಾಪುರದ ಸೀಮೆಯಲ್ಲಿ ಹಾಲು ಮತ್ತು ರೇಷ್ಮೆ ಬದುಕಿನ ಎರಡು ಆಧಾರ. ವರ್ಷವಿಡೀ ಹರಿಯುವ ನದಿ ಅಲ್ಲಿಲ್ಲ. ಸಾವಿರ ಅಡಿ ಮೀರಿ ಕೊರೆದ ಬೋರ್‌ವೆಲ್‌ಗಳಿವೆ, ಫ್ಲೋರೈಡ್ ತುಂಬಿದ ನೀರಿದೆ. ಮಳೆ ಕೈಕೊಟ್ಟ ವರ್ಷ ರಾಗಿ ಹೋದರೂ ಹಸು ಕೈಬಿಡುವುದಿಲ್ಲ. ಯಲಹಂಕದ ಮದರ್ ಡೇರಿಯಂಥ ಘಟಕಗಳಿಗೆ ಒಕ್ಕೂಟಗಳಿಂದ ಟ್ಯಾಂಕರುಗಳಲ್ಲಿ ಹಾಲು ಬರುತ್ತದೆ, ಕಾಯಿಸಿ ಪ್ಯಾಕೆಟ್ಟಾಗುತ್ತದೆ. ಬರಡು ಸೀಮೆಯ ಹಾಲಿನಲ್ಲಿ ಬೆಂಗಳೂರಿನ ಕಾಫಿ ಕುದಿಯುತ್ತದೆ.

ನೀರು ಹೋಗುವ ದಾರಿ

ಹಾಲು ಬಂದ ದಿಕ್ಕಿಗೇ ಬೆಂಗಳೂರು ತಿರುಗಿ ಏನು ಕಳಿಸುತ್ತದೆ ಎಂದು ಕೇಳಿದರೆ ಉತ್ತರ ಹೆಬ್ಬಾಳ–ನಾಗವಾರ ಕಣಿವೆಯಲ್ಲಿದೆ.

ಈ ನಗರ ಕುಡಿಯುವ ಕಾವೇರಿ ನೀರನ್ನು ಸುಮಾರು 100 ಕಿಲೋಮೀಟರ್ ದೂರದಿಂದ ಮೇಲೆತ್ತಿ ತರುತ್ತಾರೆ. 2024ರ ಅಕ್ಟೋಬರಿನಲ್ಲಿ ಚಾಲನೆಗೊಂಡ ಐದನೆಯ ಹಂತ ದಿನಕ್ಕೆ 77.5 ಕೋಟಿ ಲೀಟರಿನ ಯೋಜನೆ. ಹೀಗೆ ಬಂದ ನೀರಿನ ಬಹುಪಾಲು, ಎಂಜಿನಿಯರುಗಳ ಸಾಮಾನ್ಯ ಲೆಕ್ಕದಲ್ಲಿ ನೂರಕ್ಕೆ 80 ಭಾಗ, ಬಚ್ಚಲು, ಪಾಯಿಖಾನೆ, ಅಡುಗೆಮನೆ ದಾಟಿ ಕೊಳಚೆಯಾಗಿ ಹೊರಬೀಳುತ್ತದೆ. ನೀರು ತಂದಷ್ಟೂ ಕೊಳಚೆ ಹೆಚ್ಚುತ್ತದೆ. ಇದು ಮೊದಲೇ ಗೊತ್ತಿರುವ ವಿಷ. ವಿಷ್ಣು ಎಚ್ಚರಿಸಿದ್ದ ಬಗೆಯದೇ.

ಹಳೆಯ ಕಾಲದ ಕೆರೆಗಳ ಸರಣಿ ಮಳೆನೀರಿಗಾಗಿ ಕಟ್ಟಿದ್ದು. ಯಲಹಂಕ, ಅಳ್ಳಾಲಸಂದ್ರದ ಕಡೆಯ ನೀರು ಜಕ್ಕೂರು ಕೆರೆಗೆ, ಅಲ್ಲಿಂದ ರಾಚೇನಹಳ್ಳಿಯ ಕಡೆಗೆ. ಊರು ಬೆಳೆದಂತೆ ರಾಜಕಾಲುವೆಗಳಲ್ಲಿ ಮಳೆನೀರಿಗಿಂತ ಕೊಳಚೆ ಹೆಚ್ಚಾಯಿತು. ಜಕ್ಕೂರಿನಲ್ಲಿ ಮಾತ್ರ ಒಂದು ಒಳ್ಳೆಯ ಪ್ರಯೋಗ ನಡೆದಿದೆ. ಕೆರೆಯ ಮೇಲ್ಭಾಗದಲ್ಲಿ ದಿನಕ್ಕೆ ಒಂದು ಕೋಟಿ ಲೀಟರ್ ಸಾಮರ್ಥ್ಯದಿಂದ ಆರಂಭವಾದ ಶುದ್ಧೀಕರಣ ಘಟಕ. ಅಲ್ಲಿಂದ ಹೊರಟ ನೀರು ನೇರ ಕೆರೆಗೆ ಬೀಳದೆ ಜೊಂಡು ಬೆಳೆದ ಜೌಗಿನ ಮೂಲಕ ನಿಧಾನವಾಗಿ ಹಾಯುತ್ತದೆ. ಘಟಕದಲ್ಲಿ ಉಳಿದುಹೋದ ಸಾರಜನಕ, ರಂಜಕಗಳನ್ನು ಜೊಂಡಿನ ಬೇರುಗಳೂ ಅಲ್ಲಿನ ಸೂಕ್ಷ್ಮಜೀವಿಗಳೂ ಹೀರುತ್ತವೆ. ಆಮೇಲೆ ಕೆರೆ. ಕೆರೆಯಲ್ಲಿ ಮೀನು ಹಿಡಿಯುತ್ತಾರೆ, ದಂಡೆಗೆ ಹಕ್ಕಿಗಳು ಬರುತ್ತವೆ. ನಂಜನ್ನು ನಡುದಾರಿಯಲ್ಲೇ ಹಿಡಿದಿಡುವ ವ್ಯವಸ್ಥೆ ಇದ್ದರೆ ಕೊಳಚೆ ನೀರೂ ಕೆರೆ ಬದುಕಿಸುತ್ತದೆ ಎಂಬುದಕ್ಕೆ ಜಕ್ಕೂರು ನಮ್ಮೆದುರಿನ ಉದಾಹರಣೆ.

ದೊಡ್ಡ ಯೋಜನೆಯ ಕಥೆ ಬೇರೆ. ಎಚ್.ಎನ್. ವ್ಯಾಲಿ ಎಂದೇ ಎಲ್ಲರೂ ಕರೆಯುವ ಹೆಬ್ಬಾಳ–ನಾಗವಾರ ಕಣಿವೆ ಯೋಜನೆಯಲ್ಲಿ ದಿನಕ್ಕೆ 21 ಕೋಟಿ ಲೀಟರ್ ಸಂಸ್ಕರಿಸಿದ ನೀರನ್ನು ಬೆಂಗಳೂರು ನಗರ, ಬೆಂಗಳೂರು ಗ್ರಾಮಾಂತರ ಮತ್ತು ಚಿಕ್ಕಬಳ್ಳಾಪುರ ಜಿಲ್ಲೆಗಳ 65 ಕೆರೆಗಳಿಗೆ ಪಂಪ್ ಮಾಡುವ ಉದ್ದೇಶವಿದೆ. ಉದ್ದೇಶ ಒಳ್ಳೆಯದು. ಬತ್ತಿದ ಕೆರೆಗೆ ನೀರು ಬಂದು ಸುತ್ತಲಿನ ಬೋರ್‌ವೆಲ್ ಮರುಜೀವ ಪಡೆದರೆ ಅದು ರೈತನಿಗೆ ಸಣ್ಣ ಮಾತಲ್ಲ. ಚಿಕ್ಕಬಳ್ಳಾಪುರದ ಕಂದವಾರ ಕೆರೆ ತುಂಬಿದಾಗ ಜನ ಸಂತೋಷಪಟ್ಟದ್ದು ಸುಳ್ಳಲ್ಲ.

ತಕರಾರು ಇರುವುದು ನೀರಿನ ಹಂತದ ಬಗ್ಗೆ. ಮೊದಲ ಹಂತದಲ್ಲಿ ಕಸ, ಮಡ್ಡಿ ಬೇರೆಯಾಗುತ್ತದೆ. ಎರಡನೆಯ ಹಂತದಲ್ಲಿ ಬ್ಯಾಕ್ಟೀರಿಯಾಗಳು ಕೊಳೆಯುವ ಪದಾರ್ಥವನ್ನು ತಿಂದು ಮುಗಿಸುತ್ತವೆ. ಸೋಪಿನ ರಂಜಕ, ಸಾರಜನಕ, ಕಾರ್ಖಾನೆಯ ಭಾರಲೋಹ, ನಾವು ನುಂಗಿದ ಮಾತ್ರೆಗಳ ಶೇಷ ಇವೆಲ್ಲ ಪೂರ್ತಿ ಹೋಗಬೇಕಾದರೆ ಇನ್ನೂ ಮುಂದಿನ ಶುದ್ಧೀಕರಣ ಬೇಕು. ಚಿಕ್ಕಬಳ್ಳಾಪುರ, ಕೋಲಾರಕ್ಕೆ ಕಳಿಸಲು ಯೋಜಿಸಿದ್ದು ಎರಡನೆಯ ಹಂತ ಮುಗಿಸಿದ ನೀರನ್ನು. 2018ರಲ್ಲಿ ಇಂಥದ್ದೇ ಇನ್ನೊಂದು ಯೋಜನೆಯಲ್ಲಿ ಕೋರಮಂಗಲ–ಚಲ್ಲಘಟ್ಟ ಕಣಿವೆಯ ನೀರು ಕೋಲಾರಕ್ಕೆ ಹರಿದಾಗ ಬಿಳಿ ನೊರೆ ಕಾಣಿಸಿ, ವಿಷಯ ಹೈಕೋರ್ಟಿನ ಮೆಟ್ಟಿಲೇರಿತು. ಮೂರನೆಯ ಹಂತದ ಶುದ್ಧೀಕರಣ ಬೇಕೇಬೇಕೆಂದು ಶಾಶ್ವತ ನೀರಾವರಿ ಹೋರಾಟ ಸಮಿತಿಯವರು ಎರಡೂ ಜಿಲ್ಲೆಗಳಲ್ಲಿ ಒತ್ತಾಯಿಸುತ್ತ ಬಂದಿದ್ದಾರೆ.

ಮೂರನೆಯ ಹಂತ ಮಾಡಲಾಗದ ಕೆಲಸವೇನೂ ಅಲ್ಲ. ಯಲಹಂಕದಲ್ಲೇ ಜಲಮಂಡಳಿಯ ಅಂಥ ಘಟಕವಿದೆ. ಅಲ್ಲಿ ಹೆಚ್ಚು ಶುದ್ಧವಾದ ನೀರು ವಿಮಾನ ನಿಲ್ದಾಣಕ್ಕೆ, ಕಾರ್ಖಾನೆಗಳ ಬಳಕೆಗೆ ಹೋಗಿದೆ. ಯಂತ್ರ ತಂಪು ಮಾಡಲು, ಹುಲ್ಲುಹಾಸಿಗೆ ಹಾಕಲು ಮೂರನೆಯ ಹಂತದ ನೀರು. ಕೆರೆಗೆ ಇಳಿದು ಅಂತರ್ಜಲ ಸೇರಿ, ಮೇವು ಬೆಳೆಯುವ ನೆಲಕ್ಕೆ ಎರಡನೆಯ ಹಂತದ ನೀರು. ಆ ಮೇವು ತಿಂದ ಹಸುವಿನ ಹಾಲು ಮತ್ತೆ ಬೆಂಗಳೂರಿಗೇ ಬರುತ್ತದೆ. ನಗರ ತಾನು ಸೋರಿಸಿದ ಹನಿ ತನಗೇ ಹಿಂದಿರುಗದು ಎಂದುಕೊಂಡಿದ್ದರೆ ಅದು ಭ್ರಮೆ.

ಯಾರ ಕೊರಳು?

ಪುರಾಣದ ಕಲ್ಪನೆಯಲ್ಲಿ ಅಮೃತ ಎಷ್ಟು ಅಸಂಭವವೋ ಹಾಲಾಹಲ ಅಷ್ಟೇ ವಾಸ್ತವ. ಸಾವನ್ನು ಗೆಲ್ಲುವ ದ್ರವ ಈವರೆಗೆ ಯಾರಿಗೂ ಸಿಕ್ಕಿಲ್ಲ. ಆದರೆ ಬಯಸಿದ್ದನ್ನು ಕಡೆದು ತೆಗೆಯುವಾಗ ಬಯಸದ್ದು ಮೊದಲು ಮೇಲೇಳುತ್ತದೆ ಎಂಬುದನ್ನು ಪ್ರತಿ ನಗರವೂ ಕಂಡಿದೆ. ಕಥೆ ಕಟ್ಟಿದವರು ಅಮೃತ ಹಂಚುವಾಗ ಮೋಸವನ್ನು ಒಪ್ಪಿಕೊಂಡರು. ವಿಷದ ವಿಷಯದಲ್ಲಿ ಮೋಸಕ್ಕೆ ಆಸ್ಪದ ಕೊಡಲಿಲ್ಲ. ಪಾತಾಳಕ್ಕೆ ಸುರಿಯೋಣ, ಪಕ್ಕದ ದ್ವೀಪಕ್ಕೆ ತಳ್ಳೋಣ ಎಂದು ಯಾವ ದೇವತೆಯೂ ಸೂಚಿಸುವುದಿಲ್ಲ. ಬಲ್ಲವನು ಅದನ್ನು ತನ್ನ ಕೊರಳಲ್ಲಿ ತಡೆದ. ಹೊಟ್ಟೆಗೂ ಇಳಿಸಲಿಲ್ಲ, ಹೊರಗೂ ಉಗುಳಲಿಲ್ಲ.

ಹೆಬ್ಬಾಳದ ಲಸಿಕೆ ಸಂಸ್ಥೆ, ವಿಜ್ಞಾನ ಸಂಸ್ಥೆಯ ಪ್ರಯೋಗಾಲಯ, ಜಕ್ಕೂರಿನ ಜೊಂಡು ಮೂರೂ ಮಾಡುತ್ತಿರುವುದು ಇದೇ ಕೆಲಸ. ನಂಜನ್ನು ಅಳೆದು, ಹಿಡಿದು, ಅದರ ಸೊಕ್ಕಿಳಿಸಿ ಮುಂದಕ್ಕೆ ಬಿಡುವ ಕೆಲಸ. ಜ್ಞಾನ ಇದೆ, ಯಂತ್ರ ಇದೆ, ಊರಿನಲ್ಲಿ ಹಣವೂ ಇದೆ. ಚಿಕ್ಕಬಳ್ಳಾಪುರದ ರೈತ ಈ ಮಥನದಲ್ಲಿ ಹಾಲು ಕೊಡುವ ಪಾಲುದಾರ. ಅವನ ಕೆರೆಗೆ ಹೋಗುವ ಪ್ರತಿ ಲೀಟರ್ ನೀರೂ ಮೂರನೆಯ ಹಂತದ ಶುದ್ಧೀಕರಣ ಮುಗಿಸಿಯೇ ಹೋಗಬೇಕು. ಅದರ ಖರ್ಚನ್ನು ನೀರು ಬಳಸಿದ ಬೆಂಗಳೂರಿನವರಾದ ನಾವು ನಮ್ಮ ನೀರಿನ ಬಿಲ್ಲಿನಲ್ಲಿ ಕೊಡಬೇಕು. ಹಾಲು ಕುಡಿಯುವವರು ನಾವು. ನಂಜು ತಡೆಯುವ ಕೊರಳೂ ನಮ್ಮದೇ ಆಗಬೇಕು.